ಸ್ವಭಾವ ಪರೀಕ್ಷೆ: ವರ್ತನೆ ಮತ್ತು ಗುಣಗಳ ನಡುವಣ ಅಂತರ

‘ಸ್ವಭಾವ’ ಎಂಬ ಪದವನ್ನು ಕನ್ನಡದಲ್ಲಿ ಮನುಷ್ಯರಿಗೂ ಪ್ರಾಣಿಗಳಿಗೂ ಸಮಾನವಾಗಿ ಬಳಸುವುದು ರೂಢಿ. ‘ಸಾಧು’ ಎಂಬ ವಿಶೇಷಣ ವ್ಯಕ್ತಿಗೆ ಸಲ್ಲುವಂತೆ ಹಸುವಿಗೂ ಸಲ್ಲುತ್ತದೆ. ಪುಕ್ಕಲುತನವನ್ನು ಮಗುವಿನಲ್ಲಿಯೂ ನಾಯಿಯಲ್ಲಿಯೂ ಗುರುತಿಸುತ್ತೇವೆ. ಮನೋವಿಜ್ಞಾನದ ಪರಿಭಾಷೆಯಲ್ಲಿ ಸ್ವಭಾವವೆಂದರೆ ಎಳವೆಯಲ್ಲಿಯೇ ತೋರಿಕೊಳ್ಳುವ, ಸಂದರ್ಭ ಬದಲಾದರೂ ಬಹುಮಟ್ಟಿಗೆ ಸ್ಥಿರವಾಗಿ ಉಳಿಯುವ, ಜೈವಿಕ ನೆಲೆಯುಳ್ಳ ಪ್ರವೃತ್ತಿ. ಆದರೆ ಪ್ರವೃತ್ತಿ ಕಣ್ಣಿಗೆ ಕಾಣುವಂಥದಲ್ಲ. ಕಾಣುವುದು ವರ್ತನೆ ಮಾತ್ರ. ವರ್ತನೆಯಿಂದ ಪ್ರವೃತ್ತಿಯನ್ನು ಊಹಿಸುವ ಕ್ರಮವೇ ಸ್ವಭಾವ ಪರೀಕ್ಷೆ. ಈ ಊಹೆ ಎಷ್ಟರಮಟ್ಟಿಗೆ ಸಮರ್ಥನೀಯ ಎಂಬುದನ್ನು ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ.

ವರ್ಗೀಕರಣದ ಪ್ರಯತ್ನಗಳು ಪ್ರಾಚೀನವಾದವು. ಗೇಲನ್ನನ ಹೆಸರಿನೊಡನೆ ಬೆಸೆದುಕೊಂಡಿರುವ ಗ್ರೀಕ್ ವೈದ್ಯಪರಂಪರೆ ನಾಲ್ಕು ಬಗೆಯ ಸ್ವಭಾವಗಳನ್ನು ಹೇಳಿತು. ಆಯುರ್ವೇದ ವಾತ, ಪಿತ್ತ, ಕಫ ಪ್ರಕೃತಿಗಳನ್ನು ನಿರೂಪಿಸಿತು. ನಮ್ಮ ಗಜಶಾಸ್ತ್ರ ಪರಂಪರೆ ಆನೆಗಳನ್ನು ಭದ್ರ, ಮಂದ, ಮೃಗ ಎಂದೂ ಇವುಗಳ ಮಿಶ್ರಣವೆಂದೂ ವಿಂಗಡಿಸಿತು. ಇವು ಅನುಭವಜನ್ಯ ವಿಂಗಡಣೆಗಳೇ ಹೊರತು ಆಧುನಿಕ ಅರ್ಥದ ಪರೀಕ್ಷೆಗಳಲ್ಲ. ಇಪ್ಪತ್ತನೆಯ ಶತಮಾನದಲ್ಲಿ ರಷ್ಯದ ಇವಾನ್ ಪಾವ್ಲೋವ್ ನಾಯಿಗಳ ನರವ್ಯವಸ್ಥೆಯ ಬಲ, ಸಮತೋಲನ, ಚಲನಶೀಲತೆಗಳನ್ನು ಪ್ರಯೋಗಗಳ ಮೂಲಕ ಪರೀಕ್ಷಿಸಿ, ದೊರೆತ ಮಾದರಿಗಳನ್ನು ಹಳೆಯ ನಾಲ್ಕು ಸ್ವಭಾವಗಳೊಡನೆ ಹೋಲಿಸಿದನು. ಮನುಷ್ಯ ಮತ್ತು ಪ್ರಾಣಿಗಳ ಅಧ್ಯಯನ ಇಲ್ಲಿ ಒಂದೇ ಜಾಡಿಗೆ ಬಂದಿತು.

ಮಕ್ಕಳ ಬಗೆಗಿನ ಮಹತ್ವದ ಅಧ್ಯಯನವನ್ನು ಅಲೆಕ್ಸಾಂಡರ್ ಥಾಮಸ್ ಮತ್ತು ಸ್ಟೆಲ್ಲಾ ಚೆಸ್ 1956ರಲ್ಲಿ ನ್ಯೂಯಾರ್ಕಿನಲ್ಲಿ ಆರಂಭಿಸಿದರು. ತಂದೆತಾಯಿಯರ ಹೇಳಿಕೆಗಳನ್ನು ಆಧರಿಸಿ ಅವರು ಒಂಬತ್ತು ಅಂಶಗಳನ್ನು ಗುರುತಿಸಿದರು. ಸುಮಾರು ಶೇ. 40ರಷ್ಟು ಮಕ್ಕಳು ‘ಸುಲಭ’, ಶೇ. 10ರಷ್ಟು ‘ಕಷ್ಟ’, ಶೇ. 15ರಷ್ಟು ‘ನಿಧಾನವಾಗಿ ಹೊಂದಿಕೊಳ್ಳುವ’ ಸ್ವಭಾವದವರೆಂದು ಕಂಡುಬಂದಿತು. ಉಳಿದವರು ಯಾವ ವರ್ಗಕ್ಕೂ ಸೇರಲಿಲ್ಲ. ಜೆರೋಮ್ ಕೇಗನ್ ನಾಲ್ಕು ತಿಂಗಳ ಶಿಶುಗಳಿಗೆ ಅಪರಿಚಿತ ದೃಶ್ಯ, ಧ್ವನಿ, ವಾಸನೆಗಳನ್ನು ಒಡ್ಡಿದಾಗ ಸುಮಾರು ಐದರಲ್ಲೊಂದು ಶಿಶು ಕೈಕಾಲು ಬಡಿದು ಅತ್ತಿತು. ಇಂಥ ಮಕ್ಕಳು ಮುಂದೆ ಸಂಕೋಚದವರಾಗುವ ಸಂಭವ ಹೆಚ್ಚು; ಆದರೆ ಎಲ್ಲರೂ ಹಾಗಾಗಲಿಲ್ಲ.

ಪ್ರಾಣಿಗಳ ವಿಷಯದಲ್ಲಿ ಕೆಂತ್ ಸ್ವಾರ್ಟ್‌ಬರ್ಗ್ ಮತ್ತು ಬ್ಯೋರ್ನ್ ಫೋರ್ಕ್‌ಮನ್ 2002ರಲ್ಲಿ ಸ್ವೀಡನ್ನಿನ 164 ತಳಿಗಳ 15,329 ನಾಯಿಗಳ ಪರೀಕ್ಷಾಫಲಗಳನ್ನು ವಿಶ್ಲೇಷಿಸಿ ಆಟದ ಒಲವು, ಕುತೂಹಲ ಹಾಗೂ ನಿರ್ಭೀತಿ, ಬೆನ್ನಟ್ಟುವ ಪ್ರವೃತ್ತಿ, ಬೆರೆಯುವ ಗುಣ, ಆಕ್ರಮಣಶೀಲತೆ ಎಂಬ ಐದು ಲಕ್ಷಣಗಳನ್ನು ಗುರುತಿಸಿದರು. ಸೈಬೀರಿಯದಲ್ಲಿ 1959ರಲ್ಲಿ ದ್ಮಿತ್ರಿ ಬೆಲ್ಯಾಯೆವ್ ಆರಂಭಿಸಿದ, ಲ್ಯುದ್ಮಿಲಾ ತ್ರುತ್ ಮುಂದುವರಿಸಿದ ಪ್ರಯೋಗದಲ್ಲಿ ಮನುಷ್ಯರ ಸಾಮೀಪ್ಯಕ್ಕೆ ಅಂಜದ ನರಿಗಳನ್ನೇ ಪೀಳಿಗೆಯಿಂದ ಪೀಳಿಗೆಗೆ ಆಯ್ದು ಬೆಳೆಸಲಾಯಿತು. ಅವು ಕ್ರಮೇಣ ಬಾಲವಾಡಿಸುತ್ತ ಮನುಷ್ಯರ ಬಳಿಸಾರತೊಡಗಿದವು. ಸ್ವಭಾವಕ್ಕೆ ಆನುವಂಶಿಕ ನೆಲೆಯಿದೆ ಎಂಬುದಕ್ಕೆ ಇದು ಪ್ರಬಲ ಆಧಾರ. ಆದರೆ ರೂಢಿಯ ಪಾತ್ರವೂ ಕಡಿಮೆಯದಲ್ಲ. ಮೈಸೂರು ದಸರಾ ಆನೆಗಳಿಗೆ ಮೆರವಣಿಗೆಗೆ ಮುನ್ನ ಕುಶಾಲತೋಪುಗಳ ಸದ್ದನ್ನು ಕೇಳಿಸಿ ಅಭ್ಯಾಸ ಮಾಡಿಸುವುದು ಇದೇ ಕಾರಣಕ್ಕೆ.

ಸಮಸ್ಯೆ ಎದುರಾಗುವುದು ಪರೀಕ್ಷೆಯ ಫಲವನ್ನು ತೀರ್ಪಾಗಿ ಬಳಸಿದಾಗ. ಅಮೆರಿಕದ ಪ್ರಾಣಿ ಆಶ್ರಯತಾಣಗಳಲ್ಲಿ ಕೆಲವು ನಿಮಿಷಗಳ ಪರೀಕ್ಷೆಯನ್ನು ಆಧರಿಸಿ ನಾಯಿಗಳನ್ನು ಕೊಲ್ಲುವ ನಿರ್ಧಾರವನ್ನೂ ಕೈಗೊಂಡದ್ದುಂಟು. ಗ್ಯಾರಿ ಪ್ಯಾಟ್ರೊನೆಕ್ ಮತ್ತು ಜಾನಿಸ್ ಬ್ರಾಡ್ಲಿ 2016ರಲ್ಲಿ ಇಂಥ ಪರೀಕ್ಷೆಗಳು ನಾಣ್ಯ ಚಿಮ್ಮುವುದಕ್ಕಿಂತ ಉತ್ತಮವಲ್ಲವೆಂದು ವಾದಿಸಿದರು. ಅವರ ತರ್ಕವನ್ನು ಒಂದು ಕಲ್ಪಿತ ಲೆಕ್ಕದಿಂದ ವಿವರಿಸಬಹುದು. ನೂರು ನಾಯಿಗಳಲ್ಲಿ ಹತ್ತು ನಿಜವಾಗಿ ಅಪಾಯಕಾರಿ ಎಂದೂ ಪರೀಕ್ಷೆ ಎರಡೂ ಬಗೆಯ ನಾಯಿಗಳಲ್ಲಿ ಶೇ. 80ರಷ್ಟು ಸರಿಯೆಂದೂ ಭಾವಿಸೋಣ. ಹತ್ತರಲ್ಲಿ ಎಂಟು ಸಿಕ್ಕಿಬೀಳುತ್ತವೆ. ಉಳಿದ ತೊಂಬತ್ತರಲ್ಲಿ ಹದಿನೆಂಟು ನಿರಪರಾಧಿಗಳೂ ಸಿಕ್ಕಿಬೀಳುತ್ತವೆ. ಅಂದರೆ ‘ಅಪಾಯಕಾರಿ’ ಎನಿಸಿಕೊಂಡ ಇಪ್ಪತ್ತಾರರಲ್ಲಿ ಹದಿನೆಂಟು ತಪ್ಪು ತೀರ್ಪುಗಳು.

ಭಾಷಾಧ್ಯಯನಕಾರರಿಗೆ ಇಲ್ಲಿ ಗಮನಾರ್ಹ ಸಂಗತಿಯೊಂದಿದೆ. ಗಾರ್ಡನ್ ಆಲ್‌ಪೋರ್ಟ್ ಮತ್ತು ಹೆನ್ರಿ ಆಡ್‌ಬರ್ಟ್ 1936ರಲ್ಲಿ ಇಂಗ್ಲಿಷ್ ನಿಘಂಟಿನಿಂದ ಮನುಷ್ಯರ ನಡುವಿನ ಭೇದಗಳನ್ನು ಸೂಚಿಸುವ ಸುಮಾರು 18,000 ಪದಗಳನ್ನು ಸಂಗ್ರಹಿಸಿದರು. ಮುಂದಿನ ವ್ಯಕ್ತಿತ್ವ ಮಾಪನಗಳಿಗೆ ಈ ಪಟ್ಟಿ ತಳಹದಿಯಾಯಿತು. ಕನ್ನಡದಲ್ಲಿ ಇಂಥ ಸಂಗ್ರಹ ಕೈಗೊಳ್ಳುವವರು ನಾಮಪದ, ವಿಶೇಷಣಗಳಷ್ಟನ್ನೇ ಆಯ್ದರೆ ಸಾಲದು, ಕೃದಂತಗಳನ್ನೂ ಪರಿಗಣಿಸಬೇಕು. ‘ಹಾಯ್ದ ಎತ್ತು’ ಎಂದರೆ ನಡೆದ ಘಟನೆಯ ಹೇಳಿಕೆ. ‘ಹಾಯುವ ಎತ್ತು’ ಎಂದರೆ ಸ್ವಭಾವದ ನಿರ್ಣಯ. ಪರೀಕ್ಷಕನು ಕಾಣುವುದು ‘ಕಚ್ಚಿದ ನಾಯಿ’ಯನ್ನು, ವರದಿಯಲ್ಲಿ ಬರೆಯುವುದು ‘ಕಚ್ಚುವ ನಾಯಿ’ ಎಂದು. ಒಂದು ಪ್ರತ್ಯಯದ ಈ ದೂರವನ್ನು ಕ್ರಮಿಸಲು ಹಲವು ಸಂದರ್ಭಗಳ, ಹಲವು ಕಾಲದ ವೀಕ್ಷಣೆ ಅಗತ್ಯ.

‘ಹುಟ್ಟುಗುಣ ಸುಟ್ಟರೂ ಹೋಗದು’ ಎಂಬ ಗಾದೆ ಸ್ವಭಾವದ ಸ್ಥಿರತೆಯನ್ನು ಸಾರುತ್ತದೆ. ಅದನ್ನು ಗುರುತಿಸುವ ಬಗೆಯನ್ನು ಹೇಳುವುದಿಲ್ಲ. ಒಂದು ದಿನದ ನಡತೆಯಿಂದ ಶಾಲೆಯ ಮಗುವಿಗೆ ‘ಹಟಮಾರಿ’, ‘ಮಂದ’ ಎಂಬ ಹೆಸರು ಅಂಟಿಸುವಲ್ಲಿಯೂ ಇದೇ ಎಚ್ಚರ ಬೇಕಾಗುತ್ತದೆ.