ಇಪ್ಪತ್ತೊಂದು ವರ್ಷ ನಡುಮೈದಾನ ಬಿಡದ ಬೆಂಬೆಂ ದೇವಿ

2025ರ ಜುಲೈ 5ರಂದು ಥಾಯ್ಲೆಂಡಿನ ಚಿಯಾಂಗ್ ಮಾಯ್ ನಗರದಲ್ಲಿ ಭಾರತದ ಮಹಿಳಾ ಫುಟ್‌ಬಾಲ್ ತಂಡವು ಆತಿಥೇಯರನ್ನು 2-1 ಗೋಲುಗಳಿಂದ ಸೋಲಿಸಿ ಏಷ್ಯಾ ಕಪ್ ಪಂದ್ಯಾವಳಿಗೆ ಅರ್ಹತೆ ಪಡೆಯಿತು. ಎರಡೂ ಗೋಲುಗಳನ್ನು ಗಳಿಸಿದವರು ಮಿಡ್‌ಫೀಲ್ಡರ್ ಸಂಗೀತಾ ಬಸ್ಫೋರ್. ತಂಡವು ಅದಕ್ಕೂ ಮುನ್ನ ವಾರಗಟ್ಟಲೆ ತರಬೇತಿ ಪಡೆದದ್ದು ನಮ್ಮ ಬೆಂಗಳೂರಿನಲ್ಲಿ. ಕಡೇಚೂರಿನಲ್ಲಿ ಕುಳಿತು ಈ ಸುದ್ದಿಗೆ ಹಿಗ್ಗಿದ ನಮಗೆ, ಇದೇ ನಡುಮೈದಾನವನ್ನು ಇವರಿಗಿಂತ ಹಿಂದೆ ಆಳಿದ ಒಬ್ಬ ಮಹಿಳೆಯನ್ನು ನಮ್ಮ ಕುಟುಂಬಗಳಿಗೆ ಪರಿಚಯಿಸಬೇಕೆನಿಸಿತು.

ಅವರು ಮಣಿಪುರದ ಓಯಿನಾಂ ಬೆಂಬೆಂ ದೇವಿ. ಇಂಫಾಲದಲ್ಲಿ 1980ರ ಏಪ್ರಿಲ್ 4ರಂದು ಜನಿಸಿದ ಅವರಿಗೆ ಬಾಲ್ಯದಲ್ಲಿ ಜೊತೆಗೆ ಆಡಲು ಹುಡುಗಿಯರಿರಲಿಲ್ಲ. ಹುಡುಗರ ತಂಡದಲ್ಲಿ ಹುಡುಗನ ಹೆಸರಿಟ್ಟುಕೊಂಡು ಆಡಿದರು. ಆಟ ಬಿಟ್ಟು ಓದಿನತ್ತ ಗಮನವಿಡಬೇಕೆಂಬುದು ತಂದೆಯವರ ಇಚ್ಛೆಯಾಗಿತ್ತು. ಈ ಮಾತು ನಮ್ಮ ಸೀಮೆಯ ಹೆತ್ತವರಿಗೇನೂ ಹೊಸತಲ್ಲ. ಭಾನುವಾರದ ಬಲಿಪೂಜೆ ಮುಗಿದ ಮೇಲೆ ದೇವಾಲಯದ ಅಂಗಳದಲ್ಲಿ ಚೆಂಡು ಒದೆಯುವವರು ಗಂಡುಮಕ್ಕಳೇ. ಹೆಣ್ಣುಮಕ್ಕಳು ಕಟ್ಟೆಯ ಮೇಲೆ ಕುಳಿತು ನೋಡುವವರು. ಅವರಲ್ಲಿ ಎಷ್ಟು ಮಂದಿಗೆ ಕಾಲು ತುರಿಸುತ್ತದೆಯೋ ನಾವು ಕೇಳಿದವರಲ್ಲ.

1995ರಲ್ಲಿ ಮಲೇಷ್ಯಾದಲ್ಲಿ ನಡೆದ ಏಷ್ಯಾ ಮಹಿಳಾ ಚಾಂಪಿಯನ್‌ಷಿಪ್‌ನಲ್ಲಿ ಗುವಾಮ್ ತಂಡದ ವಿರುದ್ಧ ಬೆಂಬೆಂ ಭಾರತದ ಪರವಾಗಿ ಮೊದಲ ಬಾರಿ ಕಣಕ್ಕಿಳಿದರು. ಆಗ ವಯಸ್ಸು ಹದಿನೈದು. ಅವರ ಸ್ಥಾನ ನಡುಮೈದಾನ. ಗೋಲು ಹೊಡೆದವರ ಹೆಸರು ಮರುದಿನ ಪತ್ರಿಕೆಯಲ್ಲಿ ಬರುತ್ತದೆ. ಎದುರಾಳಿಯಿಂದ ಚೆಂಡು ಕಸಿದು, ಯಾರು ಬಿಡುವಾಗಿದ್ದಾರೆಂದು ಕ್ಷಣದಲ್ಲಿ ಕಂಡು, ಅವರ ಕಾಲಿಗೆ ಮುಟ್ಟಿಸಿದವರ ಹೆಸರು ಬರುವುದಿಲ್ಲ. ಮುಂದೆ ದಾಳಿಗೂ ಹಿಂದೆ ರಕ್ಷಣೆಗೂ ಓಡುತ್ತ ಇಡೀ ಪಂದ್ಯದಲ್ಲಿ ದಣಿಯುವ ಕೆಲಸ ಅದು.

ಆದರೆ ನಮ್ಮನ್ನು ಬೆರಗುಗೊಳಿಸುವುದು ಅವರು ಆಡಿದ ಪಂದ್ಯಗಳಿಗಿಂತ ಆಡಲು ಪಂದ್ಯಗಳೇ ಇಲ್ಲದ ದಿನಗಳು. 1980ರಲ್ಲಿ ಕೋಳಿಕ್ಕೋಡಿನಲ್ಲಿ ಮುಗಿದ ಏಷ್ಯಾ ಪಂದ್ಯಾವಳಿಯಲ್ಲಿಯೂ 1983ರಲ್ಲಿಯೂ ಎರಡನೆಯ ಸ್ಥಾನ ಗಳಿಸಿದ್ದ ದೇಶ ನಮ್ಮದು. ಅಂತಹ ದೇಶದ ಮಹಿಳಾ ತಂಡವು ದೀರ್ಘಕಾಲ ಪಂದ್ಯವನ್ನೇ ಆಡದ ಕಾರಣ 2009ರಲ್ಲಿ ಫಿಫಾ ಶ್ರೇಯಾಂಕ ಪಟ್ಟಿಯಿಂದಲೇ ಹೊರಬಿದ್ದಿತು! ಆಟಗಾರ್ತಿಗೆ ಮೂವತ್ತು ಸಮೀಪಿಸುವ, ಶಕ್ತಿ ತುಂಬಿರುವ ವರ್ಷಗಳು ಇವು. ಕರೆ ಬರುವುದೋ ಇಲ್ಲವೋ ಎಂಬ ಖಾತ್ರಿಯಿಲ್ಲದೆ ಪ್ರತಿ ಮುಂಜಾನೆ ಮೈದಾನಕ್ಕೆ ಹೋಗುವುದು ಸುಲಭವೇ? ಮಣಿಪುರ ಪೊಲೀಸ್ ಇಲಾಖೆಯ ಉದ್ಯೋಗವೂ ಅಲ್ಲಿನ ಮಹಿಳಾ ತಂಡವೂ ಅವರಿಗೆ ಆಸರೆಯಾದವು. ಅಂಥ ಆಸರೆ ಸಿಗದೆ ಮರೆಯಾದ ಪ್ರತಿಭೆಗಳ ಲೆಕ್ಕ ಇಟ್ಟವರಾರು?

2010ರಲ್ಲಿ ಕರೆಗಳು ಮತ್ತೆ ಬಂದವು. ಢಾಕಾದ ದಕ್ಷಿಣ ಏಷ್ಯಾ ಕ್ರೀಡಾಕೂಟದಲ್ಲಿ ಭಾರತಕ್ಕೆ ಚಿನ್ನ ದೊರೆಯಿತು; ಅದೇ ವರ್ಷ ಕಾಕ್ಸ್ ಬಜಾರ್‌ನಲ್ಲಿ ಸ್ಯಾಫ್ ಪ್ರಶಸ್ತಿ. 2012ರಲ್ಲಿ ಶ್ರೀಲಂಕೆಯಲ್ಲಿ ಬೆಂಬೆಂ ನಾಯಕಿಯಾಗಿ ಅದೇ ಪ್ರಶಸ್ತಿಯನ್ನು ಮತ್ತೆ ತಂದರು. ಎಲ್ಲವೂ ಹೂವಿನ ಹಾದಿಯೆಂದು ಹೇಳಿದರೆ ಸತ್ಯಕ್ಕೆ ಅಪಚಾರವಾದೀತು. 2014ರ ಇಂಚಿಯಾನ್ ಏಷ್ಯನ್ ಕ್ರೀಡಾಕೂಟದಲ್ಲಿ ಭಾರತವು ಮಾಲ್ಡೀವ್ಸ್ ಮೇಲೆ 15 ಗೋಲು ಹೊಡೆದು, ಮುಂದೆ ದಕ್ಷಿಣ ಕೊರಿಯಾದಿಂದಲೂ ಥಾಯ್ಲೆಂಡಿನಿಂದಲೂ ಹತ್ತು ಹತ್ತು ಗೋಲು ತಿಂದಿತು. ಹನ್ನೊಂದು ವರ್ಷಗಳ ಬಳಿಕ ಚಿಯಾಂಗ್ ಮಾಯ್‌ನಲ್ಲಿ ದೊರೆತ ಜಯದ ತೂಕ ಈ ಅಂಕಿಗಳಿಂದ ತಿಳಿಯುತ್ತದೆ. ಅದೇ 2014ರಲ್ಲಿ ಬೆಂಬೆಂ ಮಾಲ್ಡೀವ್ಸ್‌ನ ನ್ಯೂ ರೇಡಿಯಂಟ್ ಕ್ಲಬ್ ಪರವಾಗಿಯೂ ಆಡಿದರು.

2016ರ ಫೆಬ್ರವರಿಯಲ್ಲಿ ಶಿಲ್ಲಾಂಗ್‌ನಲ್ಲಿ ನೇಪಾಳವನ್ನು 4-0ರಿಂದ ಸೋಲಿಸಿ ಭಾರತವು ದಕ್ಷಿಣ ಏಷ್ಯಾ ಚಿನ್ನವನ್ನು ಉಳಿಸಿಕೊಂಡ ಕ್ರೀಡಾಕೂಟದೊಂದಿಗೆ ಅವರು ಅಂತಾರಾಷ್ಟ್ರೀಯ ಆಟಕ್ಕೆ ವಿದಾಯ ಹೇಳಿದರು. ಮನ್ನಣೆ ಬಂದದ್ದು ಆಮೇಲೆ. ಮಹಿಳಾ ಫುಟ್‌ಬಾಲ್‌ನಲ್ಲಿ 1983ರ ಶಾಂತಿ ಮಲ್ಲಿಕ್ ಅವರ ನಂತರ ಅರ್ಜುನ ಪ್ರಶಸ್ತಿ ಪಡೆದವರು 2017ರಲ್ಲಿ ಬೆಂಬೆಂ. 2020ರಲ್ಲಿ ಪದ್ಮಶ್ರೀಯೂ ಸಂದಿತು. ಮಹಿಳಾ ಫುಟ್‌ಬಾಲ್ ಆಟಗಾರ್ತಿಯೊಬ್ಬರಿಗೆ ಅದು ದೊರೆತದ್ದು ಅದೇ ಮೊದಲು. ಆದರೆ ಅವರು ಬಿರುದುಗಳಿಗಾಗಿ ಕಾದು ಕುಳಿತವರಲ್ಲ. 2017ರ ಫೆಬ್ರವರಿಯಲ್ಲಿ ದೆಹಲಿಯಲ್ಲಿ ಮೊದಲ ಭಾರತೀಯ ಮಹಿಳಾ ಲೀಗ್ ಪ್ರಶಸ್ತಿಯನ್ನು ಇಂಫಾಲದ ಈಸ್ಟರ್ನ್ ಸ್ಪೋರ್ಟಿಂಗ್ ಯೂನಿಯನ್ ಗೆದ್ದುಕೊಂಡಾಗ ಆ ತಂಡದ ಹೊಣೆ ಹೊತ್ತವರಲ್ಲಿ ಅವರೂ ಒಬ್ಬರಾಗಿದ್ದರು.