ಹವಾಮಾನ ಆಧಾರಿತ ಬೆಳೆ ವಿಮೆ: ಮಳೆಮಾಪಕದ ಅಂಕಿ-ಅಂಶವೇ ಪರಿಹಾರಕ್ಕೆ ಆಧಾರ

ಹೊಸನಗರ ತಾಲ್ಲೂಕಿನ ಹುಲಿಕಲ್ ರಾಜ್ಯದಲ್ಲಿ ಅತಿ ಹೆಚ್ಚು ಮಳೆ ಬೀಳುವ ಸ್ಥಳಗಳಲ್ಲೊಂದು. ಘಟ್ಟದ ಅಂಚಿನಿಂದ ಪೂರ್ವಕ್ಕೆ ಸರಿದಂತೆ ಮಳೆಯ ಪ್ರಮಾಣ ಬೇಗನೆ ಇಳಿಯುತ್ತದೆ. ಆದ್ದರಿಂದ ಕೊಳೆರೋಗದಿಂದ ಅಡಿಕೆ ಉದುರಿದ ವರ್ಷದಲ್ಲಿಯೂ ನೆರೆಹೊರೆಯ ಪಂಚಾಯಿತಿಗಳ ಬೆಳೆಗಾರರಿಗೆ ಬೇರೆ ಬೇರೆ ಪ್ರಮಾಣದ ವಿಮಾ ಪರಿಹಾರ ದೊರೆಯಬಹುದು. ಇದಕ್ಕೆ ಕಾರಣ ಯೋಜನೆಯ ರಚನೆಯಲ್ಲಿಯೇ ಇದೆ.

ಯೋಜನೆಯ ರಚನೆ: 2016ರಲ್ಲಿ ಮರುವಿನ್ಯಾಸಗೊಂಡು ಜಾರಿಯಾದ ಈ ಯೋಜನೆಯಲ್ಲಿ ಸಾಮಾನ್ಯವಾಗಿ ಪ್ರತಿ ತೋಟದ ನಷ್ಟದ ಸಮೀಕ್ಷೆ ನಡೆಯುವುದಿಲ್ಲ. ಗ್ರಾಮ ಪಂಚಾಯಿತಿ ಮಟ್ಟದ ಮಳೆಮಾಪಕದ ದತ್ತಾಂಶವನ್ನು ಟರ್ಮ್ ಶೀಟ್‌ನಲ್ಲಿ ನಿಗದಿಪಡಿಸಿದ ಮಿತಿಯೊಡನೆ ಹೋಲಿಸಿ ಪರಿಹಾರ ಲೆಕ್ಕಹಾಕಲಾಗುತ್ತದೆ. ಇದರಿಂದ ಸಮೀಕ್ಷೆಯ ವೆಚ್ಚವೂ ವಿಳಂಬವೂ ತಪ್ಪುತ್ತವೆ. ಆದರೆ ಮಾಪಕದಿಂದ ದೂರವಿರುವ ತೋಟದ ನಿಜವಾದ ಮಳೆ ಲೆಕ್ಕಕ್ಕೆ ಬಾರದಿರಬಹುದು.

ನಿಯಂತ್ರಣ: ತೋಟಗಾರಿಕೆ ಬೆಳೆಗಳಿಗೆ ರೈತರ ವಂತಿಗೆ ವಿಮಾ ಮೊತ್ತದ ಶೇ. 5ನ್ನು ಮೀರುವಂತಿಲ್ಲ. ಅಡಿಕೆಗೆ ಹೆಕ್ಟೇರಿಗೆ 1,28,000 ರೂ. ವಿಮಾ ಮೊತ್ತವಿದ್ದರೆ ವಂತಿಗೆ 6,400 ರೂ., ಅಂದರೆ ಎಕರೆಗೆ ಸುಮಾರು 2,590 ರೂ. ಆಗುತ್ತದೆ. ಉಳಿದ ಪ್ರೀಮಿಯಂಗೆ ಕೇಂದ್ರ ಮತ್ತು ರಾಜ್ಯ ಸರ್ಕಾರಗಳು ಸಹಾಯಧನ ನೀಡುತ್ತವೆ. 2020ರ ಮುಂಗಾರಿನಿಂದ ಸಾಲ ಪಡೆದ ರೈತರಿಗೂ ನೋಂದಣಿ ಐಚ್ಛಿಕವಾಗಿದೆ.

ಮೌಲ್ಯಮಾಪನ: ಸರ್ಕಾರಿ ಕಾರ್ಯಕ್ರಮಗಳ ಉದ್ದೇಶ ಎಷ್ಟರಮಟ್ಟಿಗೆ ಈಡೇರಿದೆ ಎಂಬುದನ್ನು ಪರಿಶೀಲಿಸಲು ರಾಜ್ಯದಲ್ಲಿ 2011ರಲ್ಲಿ ಕರ್ನಾಟಕ ಮೌಲ್ಯಮಾಪನ ಪ್ರಾಧಿಕಾರ ಸ್ಥಾಪನೆಯಾಯಿತು. ಇಂತಹ ಪರಿಶೀಲನೆಗೆ ರೈತರ ಲಿಖಿತ ದಾಖಲೆಗಳು ಬಲ ನೀಡುತ್ತವೆ. ಬಾಯಿಮಾತಿನ ದೂರು ಕಡತ ಸೇರುವುದಿಲ್ಲ.

ರೈತರು ಗಮನಿಸಬೇಕಾದ ಅಂಶಗಳು:

1. ನೋಂದಣಿಗೆ ಮುನ್ನ ಆ ವರ್ಷದ ಟರ್ಮ್ ಶೀಟ್ ಓದಿ, ಮಳೆಯ ಮಿತಿ ಹಾಗೂ ಅವಧಿಯನ್ನು ತಿಳಿದುಕೊಳ್ಳಿ.

2. ಪಹಣಿ ಹಾಗೂ ಬೆಳೆ ಸಮೀಕ್ಷೆಯಲ್ಲಿರುವ ಬೆಳೆಯ ಹೆಸರು ವಿಮೆ ಮಾಡಿಸುವ ಬೆಳೆಗೆ ತಾಳೆಯಾಗುವುದೇ ಎಂದು ಪರಿಶೀಲಿಸಿ. ವ್ಯತ್ಯಾಸವಿದ್ದಲ್ಲಿ ಅರ್ಜಿ ತಿರಸ್ಕೃತವಾಗಬಹುದು.

3. ಮಳೆಗಾಲದಲ್ಲಿ ಪಂಚಾಯಿತಿಯ ಮಳೆಮಾಪಕ ಕೆಟ್ಟಿರುವುದು ಕಂಡುಬಂದರೆ ಕೂಡಲೇ ಲಿಖಿತವಾಗಿ ತಿಳಿಸಿ, ಸ್ವೀಕೃತಿ ಪಡೆಯಿರಿ.

4. ಪರಿಹಾರದ ಬಗ್ಗೆ ತಕರಾರಿದ್ದಲ್ಲಿ ಜಿಲ್ಲಾಧಿಕಾರಿಗಳ ಅಧ್ಯಕ್ಷತೆಯ ಜಿಲ್ಲಾ ಮಟ್ಟದ ಕುಂದುಕೊರತೆ ಸಮಿತಿಗೆ ಮನವಿ ಸಲ್ಲಿಸಿ.

ವಿಸ್ತರಣಾ ಕಾರ್ಯಕರ್ತರು ನೋಂದಣಿಯ ಕೊನೆಯ ದಿನಾಂಕಕ್ಕೆ ಮೊದಲೇ ಗ್ರಾಮಸಭೆಯಲ್ಲಿ ಟರ್ಮ್ ಶೀಟನ್ನು ಓದಿ ವಿವರಿಸುವುದು ಸೂಕ್ತ. ವಿಮೆ ಮಾಡಿಸಿದ ಮಾತ್ರಕ್ಕೆ ಕೊಳೆರೋಗ ತಡೆಯಲಾಗದು. ಮುಂಗಾರು ಆರಂಭಕ್ಕೆ ಮುನ್ನ ಶೇ. 1ರ ಬೋರ್ಡೋ ದ್ರಾವಣ ಸಿಂಪಡಿಸಿ, 40ರಿಂದ 45 ದಿನಗಳ ನಂತರ ಮಳೆ ಬಿಡುವು ಕೊಟ್ಟಾಗ ಮತ್ತೊಮ್ಮೆ ಸಿಂಪಡಿಸುವುದನ್ನು ಮರೆಯಬಾರದು.