ತೋಳು ಸೋತ ಮೇಲೆ ಇಪ್ಪತ್ತು ವರ್ಷ

1912ರಲ್ಲಿ ಅಮೆರಿಕದ ಬಾಸ್ಟನ್ ನಗರದಲ್ಲಿ ಜೋ ವುಡ್ ಹೆಸರು ಕೇಳದವರು ಇರಲಿಲ್ಲ. ವಯಸ್ಸು ಇಪ್ಪತ್ತೆರಡು, ಬಾಸ್ಟನ್ ರೆಡ್ ಸಾಕ್ಸ್ ತಂಡದ ಪಿಚರ್. ಆ ಒಂದೇ ಹಂಗಾಮಿನಲ್ಲಿ ಅವರು ಗೆದ್ದು ಕೊಟ್ಟದ್ದು 34 ಪಂದ್ಯ, ಸೋತದ್ದು ಐದೇ ಐದು. ಹತ್ತು ಪಂದ್ಯಗಳಲ್ಲಿ ಎದುರಾಳಿಗೆ ಒಂದು ರನ್ನೂ ದಕ್ಕಲಿಲ್ಲ. ಅವರ ಕೈಯಿಂದ ಹೊರಟ ಚೆಂಡಿನ ವೇಗ ನೋಡಿ ಜನ ‘ಸ್ಮೋಕಿ’ ಜೋ ಎಂದು ಕರೆದರು. ಮರುವರ್ಷ ಅದೇ ತೋಳು ಕೈಕೊಟ್ಟಿತು. ಆಮೇಲೆ ಇನ್ನೂ ಎಪ್ಪತ್ತೆರಡು ವರ್ಷ ಬದುಕಿದ ಈ ಮನುಷ್ಯ, ಅದರಲ್ಲಿ ಇಪ್ಪತ್ತು ವರ್ಷವನ್ನು ಯೇಲ್ ವಿಶ್ವವಿದ್ಯಾಲಯದ ಹುಡುಗರಿಗೆ ಬೇಸ್‌ಬಾಲ್ ಕಲಿಸುವುದರಲ್ಲಿ ಕಳೆದರು. ಅವರ ಬಗ್ಗೆ ಬರೆದವರೆಲ್ಲ 1912ನ್ನು ಎತ್ತಿ ಹಿಡಿಯುತ್ತಾರೆ. ನನಗೆ ಆ ಇಪ್ಪತ್ತು ವರ್ಷಗಳ ಮೇಲೆ ಹೆಚ್ಚು ಪ್ರೀತಿ.

ಕ್ರಿಕೆಟ್ ನೋಡಿ ಬೆಳೆದ ನಮಗೆ ಪಿಚರ್ ಅಂದರೆ ಬೌಲರ್ ಅನ್ನಿಸಿಬಿಡುತ್ತದೆ. ಆದರೆ ಕೆಲಸವೇ ಬೇರೆ. ಪಿಚರ್ ಓಡಿ ಬರುವಂತಿಲ್ಲ. ಬ್ಯಾಟರ್ ನಿಲ್ಲುವ ಹೋಮ್ ಪ್ಲೇಟಿನಿಂದ 60 ಅಡಿ 6 ಅಂಗುಲ ದೂರದಲ್ಲಿ ಮಣ್ಣಿನ ಒಂದು ಸಣ್ಣ ದಿಬ್ಬ ಇರುತ್ತದೆ. ಅದರ ಮೇಲೆ ನಿಂತು, ಒಂದು ಕಾಲೆತ್ತಿ, ಒಂದೇ ಹೆಜ್ಜೆ ಮುಂದಿಟ್ಟು ಎಸೆಯಬೇಕು. ಮೊಣಕೈ ಮಡಚುವುದಕ್ಕೆ ಅಡ್ಡಿಯಿಲ್ಲ, ಮಡಚದೆ ವೇಗ ಬರುವುದೂ ಇಲ್ಲ. ಓಟದಿಂದ ಸಿಗುವ ಬಲ ಇಲ್ಲವಾದ್ದರಿಂದ ಕಾಲು, ಸೊಂಟ, ಬೆನ್ನಿನಿಂದ ಏರಿ ಬಂದ ಜೋರೆಲ್ಲ ಕೊನೆಗೆ ಭುಜ ಮತ್ತು ಮೊಣಕೈ ಮೇಲೆಯೇ ಬೀಳುತ್ತದೆ. ಇದು ಒಂದು ಪಂದ್ಯದಲ್ಲಿ ನೂರು ಸಲ ಆಗುವ ಮಾತು. ವುಡ್ ಕಾಲದಲ್ಲಿ ಒಬ್ಬ ಪಿಚರ್ ದಣಿದನೆಂದು ಇನ್ನೊಬ್ಬನನ್ನು ಇಳಿಸುವ ರೂಢಿಯೂ ಕಡಿಮೆ. 1912ರಲ್ಲಿ ಅವರು 35 ಪಂದ್ಯಗಳನ್ನು ಮೊದಲ ಚೆಂಡಿನಿಂದ ಕಡೆಯ ಚೆಂಡಿನವರೆಗೆ ಒಬ್ಬರೇ ಎಸೆದು ಮುಗಿಸಿದ್ದರು.

ಅವರು ಈ ಆಟಕ್ಕೆ ಬಂದ ದಾರಿಯೂ ಸ್ವಾರಸ್ಯದ್ದು. ಮನೆಯವರು ಕೊಲರಾಡೊದ ಗಣಿ ಊರೊಂದರಿಂದ ಕುದುರೆ ಗಾಡಿಯಲ್ಲಿ ಕ್ಯಾನ್ಸಸ್‌ನ ನೆಸ್ ಸಿಟಿಗೆ ಬಂದು ನೆಲೆಸಿದ್ದರು. 1906ರಲ್ಲಿ ಊರಿಗೆ ‘ಬ್ಲೂಮರ್ ಗರ್ಲ್ಸ್’ ಎಂಬ ಹೆಣ್ಣುಮಕ್ಕಳ ಸಂಚಾರಿ ತಂಡ ಬಂತು. ಅಂಥ ತಂಡಗಳಲ್ಲಿ ಹೆಣ್ಣುವೇಷದ ಒಂದಿಬ್ಬರು ಗಂಡುಹುಡುಗರೂ ಇರುತ್ತಿದ್ದರು. ಹಾಲುಗಲ್ಲದ ಹದಿನಾರರ ಜೋ ಆ ತಂಡದ ಕಣ್ಣಿಗೆ ಬಿದ್ದರು. ಅವರು ಹಣ ಪಡೆದು ಆಡತೊಡಗಿದ್ದು ಅಲ್ಲಿಂದ. ಎರಡೇ ವರ್ಷದಲ್ಲಿ ರೆಡ್ ಸಾಕ್ಸ್ ಸೇರಿದ್ದರು.

1912ರ ಸೆಪ್ಟೆಂಬರ್ 6ರ ಪಂದ್ಯವನ್ನು ಇಲ್ಲಿ ಹೇಳಲೇಬೇಕು. ಆ ವರ್ಷ ವಾಷಿಂಗ್ಟನ್ ತಂಡದ ವಾಲ್ಟರ್ ಜಾನ್ಸನ್ ಸತತ 16 ಗೆಲುವಿನ ಅಮೆರಿಕನ್ ಲೀಗ್ ದಾಖಲೆ ಮಾಡಿದ್ದರು. ವುಡ್ 13ರಲ್ಲಿದ್ದರು. ದಾಖಲೆ ಮುಟ್ಟುವ ಮೊದಲು ನಮ್ಮ ಜಾನ್ಸನ್ನರನ್ನು ಎದುರಿಸಲಿ ಎಂದು ವಾಷಿಂಗ್ಟನ್ ತಂಡದವರು ಸವಾಲು ಹಾಕಿದರು. ಬಾಸ್ಟನ್ನಿನವರು ವುಡ್ ಸರದಿಯನ್ನು ಒಂದು ದಿನ ಮುಂಚೆ ತಂದರು. ಪತ್ರಿಕೆಗಳು ಕುಸ್ತಿಗೆ ಇಳಿಯುವ ಜಟ್ಟಿಗಳಂತೆ ಇಬ್ಬರ ಮೈಕಟ್ಟಿನ ಅಳತೆ ಛಾಪಿಸಿದವು. ಅದೇ ವರ್ಷ ತೆರೆದಿದ್ದ ಫೆನ್‌ವೇ ಪಾರ್ಕ್‌ನಲ್ಲಿ ಜನ ಹಿಡಿಸಲಾರದೆ ಮೈದಾನದ ಒಳಕ್ಕೂ ನುಗ್ಗಿ, ಗೆರೆಯಂಚಿನಲ್ಲೇ ಕುಳಿತರು. ಆರನೆಯ ಇನಿಂಗ್ಸ್, ಇಬ್ಬರು ಔಟ್. ಆಗ ಬಾಸ್ಟನ್ನಿನ ಟ್ರಿಸ್ ಸ್ಪೀಕರ್ ಹೊಡೆದು ಎರಡನೆಯ ಬೇಸಿಗೆ ಬಂದರು. ಡಫಿ ಲೂಯಿಸ್ ಬಾರಿಸಿದ ಚೆಂಡು ಬಲಗಡೆಯ ಫೀಲ್ಡರ್ ಕೈಗವಸಿನ ತುದಿಗೆ ಸವರಿ ಜಾರಿತು. ಸ್ಪೀಕರ್ ಹೋಮ್ ಪ್ಲೇಟ್ ಮುಟ್ಟಿದರು. ಪಂದ್ಯದ ಒಟ್ಟು ರನ್ ಅದೊಂದೇ. ವುಡ್ ಮುಂದೆ 16 ಮುಟ್ಟಿ ಜಾನ್ಸನ್ ದಾಖಲೆ ಸರಿಗಟ್ಟಿದರು, ಅಕ್ಟೋಬರಿನ ವರ್ಲ್ಡ್ ಸೀರೀಸ್‌ನಲ್ಲಿ ಮೂರು ಪಂದ್ಯ ಗೆದ್ದರು.

1913ರಲ್ಲಿ ಒದ್ದೆ ಹುಲ್ಲಿನ ಮೇಲೆ ಚೆಂಡು ಹಿಡಿಯಹೋಗಿ ಜಾರಿ ಬಿದ್ದರು. ಎಸೆಯುವ ಕೈಯ ಹೆಬ್ಬೆರಳು ಮುರಿಯಿತು. ಬೆರಳೇನೋ ಕೂಡಿಕೊಂಡಿತು, ಆದರೆ ಮರಳಿ ಬಂದು ಎಸೆದಾಗ ಭುಜದಲ್ಲಿ ನೋವು. ಆ ನೋವಿನಲ್ಲೇ 1915ರಲ್ಲಿ 15 ಪಂದ್ಯ ಗೆದ್ದರು. ಒಂದು ಪಂದ್ಯ ಎಸೆದರೆ ಮುಂದಿನ ಕೆಲವು ದಿನ ತೋಳೆತ್ತಲು ಆಗುತ್ತಿರಲಿಲ್ಲ. 1916ರಲ್ಲಿ ಆಟವೇ ಇಲ್ಲದೆ ಪೆನ್ಸಿಲ್ವೇನಿಯಾದ ತೋಟದ ಮನೆಯಲ್ಲಿ ಕುಳಿತರು. ಅಟ್ಟದಲ್ಲಿ ಒಂದು ಜೋಲುಕೋಲು ಕಟ್ಟಿ, ತೋಳು ಸಡಿಲವಾದೀತೆಂದು ಗಂಟೆಗಟ್ಟಲೆ ನೇತಾಡುತ್ತಿದ್ದರು. ಆಗ ಇದಕ್ಕೆ ಚಿಕಿತ್ಸೆಯೇ ಇರಲಿಲ್ಲ. ಭುಜದ ಮಾತಿರಲಿ, ಪಿಚರೊಬ್ಬನ ಮೊಣಕೈಗೆ ಹೊಸ ಸ್ನಾಯುಬಂಧ ಕಟ್ಟುವ ಶಸ್ತ್ರಚಿಕಿತ್ಸೆಯನ್ನು ಡಾ. ಫ್ರಾಂಕ್ ಜೋಬ್ ಮೊದಲು ಮಾಡಿದ್ದು 1974ರಲ್ಲಿ.

ಅಲ್ಲಿಗೆ ಮುಗಿಯಬೇಕಿತ್ತು. ಗೆಳೆಯ ಸ್ಪೀಕರ್ ಆಗಲೇ ಕ್ಲೀವ್‌ಲ್ಯಾಂಡ್ ತಂಡದಲ್ಲಿದ್ದರು, ವುಡ್ ಕೂಡ ಅಲ್ಲಿಗೆ ಹೋದರು. 1918ರಲ್ಲಿ ಯುದ್ಧದ ಕಾರಣ ಆಟಗಾರರ ಕೊರತೆ ಬಂದಾಗ ಔಟ್‌ಫೀಲ್ಡಿನಲ್ಲಿ ನಿಂತು ಬ್ಯಾಟು ಹಿಡಿದರು. ಮೇ 24ರಂದು ನ್ಯೂಯಾರ್ಕ್ ಯಾಂಕೀಸ್ ವಿರುದ್ಧ 19 ಇನಿಂಗ್ಸ್ ನಡೆದ ಪಂದ್ಯದಲ್ಲಿ ಎರಡು ಹೋಮ್ ರನ್ ಬಾರಿಸಿದರು. ಪಂದ್ಯ ಗೆಲ್ಲಿಸಿದ್ದು ಅದರಲ್ಲಿ ಎರಡನೆಯದು. ಪಿಚರ್ ಆಗಿ ಶಿಖರಕ್ಕೇರಿದವರು ಬ್ಯಾಟರ್ ಆಗಿ ಮತ್ತೆ ಐದು ವರ್ಷ ಸಂಬಳ ಪಡೆಯುವುದು ಬೇಸ್‌ಬಾಲಿನಲ್ಲಿ ಅಪರೂಪದಲ್ಲಿ ಅಪರೂಪ. 1922ರಲ್ಲಿ ಅವರ ಹೊಡೆತಗಳಿಂದ ತಂಡಕ್ಕೆ 92 ರನ್ ಬಂದವು. ಇನ್ನೂ ಆಡಬಹುದಿತ್ತು. ಹೆಂಡತಿ ಮಕ್ಕಳ ಜೊತೆ ಒಂದೇ ಊರಿನಲ್ಲಿ ಇರುವ ಕೆಲಸ ಬೇಕೆನಿಸಿತ್ತು. ಯೇಲ್ ಕರೆಯಿತು. 1923ರಲ್ಲಿ ಮೊದಲ ವರ್ಷದ ವಿದ್ಯಾರ್ಥಿಗಳ ಕೋಚ್, ಮರುವರ್ಷದಿಂದ ಮುಖ್ಯ ಕೋಚ್.

ಈ ದಾರಿ ಹಿಡಿದವರು ವುಡ್ ಒಬ್ಬರೇ ಅಲ್ಲ. 1906ರಲ್ಲಿ ಒಂದೇ ಪಂದ್ಯದ 24 ಇನಿಂಗ್ಸನ್ನೂ ಎಸೆದು ಗೆದ್ದ ಜಾಕ್ ಕೂಂಬ್ಸ್ 1929ರಿಂದ 1952ರವರೆಗೆ ಡ್ಯೂಕ್ ವಿಶ್ವವಿದ್ಯಾಲಯದ ಕೋಚ್. ಕಲಿಸುತ್ತಲೇ ಬೇಸ್‌ಬಾಲಿಗೆ ಪಠ್ಯಪುಸ್ತಕವನ್ನೂ ಬರೆದರು. ಅಲ್ಲಿನ ಮೈದಾನಕ್ಕೆ ಅವರದೇ ಹೆಸರು. ಕೊಲಂಬಿಯಾ ವಿಶ್ವವಿದ್ಯಾಲಯದಲ್ಲಿ ಲೂ ಗೆರಿಗ್ ಎಂಬ ವಿದ್ಯಾರ್ಥಿಗೆ ಕಲಿಸಿದ ಆಂಡಿ ಕೋಕ್ಲಿ ಕೂಡ ಹಳೆಯ ಪಿಚರ್. ಕಾಲೇಜುಗಳು ಇಂಥವರನ್ನು ಹುಡುಕಿದ್ದರಲ್ಲಿ ಅರ್ಥವಿದೆ. ದಣಿದ ಪಿಚರನ ಮೊಣಕೈ ಒಂದಿಷ್ಟು ಕೆಳಗೆ ಬರುತ್ತದೆ, ಚೆಂಡು ಮೇಲೇಳತೊಡಗುತ್ತದೆ. ಗ್ಯಾಲರಿಯಲ್ಲಿ ಕುಳಿತವರಿಗೆ ಅದು ಕಾಣುವುದಿಲ್ಲ. ಹುಡುಗ ತಾನಾಗಿ ಹೇಳುವುದೂ ಇಲ್ಲ, ಹತ್ತೊಂಬತ್ತರ ವಯಸ್ಸಿನಲ್ಲಿ ಯಾರು ಹೇಳುತ್ತಾರೆ? ಇವತ್ತಿಗೆ ಸಾಕು, ಚೆಂಡು ಕೊಡು ಎನ್ನಲು ಆ ನೋವು ತಿಂದವರೇ ಬೇಕು.

ಯೇಲ್‌ನ ವರ್ಷಗಳೂ ನಿರಾಳವಾಗೇನೂ ಇರಲಿಲ್ಲ. 1926ರಲ್ಲಿ ಹಳೆಯ ಪಿಚರ್ ಡಚ್ ಲೆನರ್ಡ್, 1919ರ ಒಂದು ಪಂದ್ಯದ ಮೇಲೆ ಬಾಜಿ ಕಟ್ಟಲಾಗಿತ್ತೆಂದು ದೂರಿದಾಗ ಆಟಗಾರರಾದ ಟೈ ಕಾಬ್, ಸ್ಪೀಕರ್ ಜೊತೆ ವುಡ್ ಹೆಸರೂ ಬಂತು. ವುಡ್ ಬರೆದ ಕಾಗದವೂ ಹೊರಬಿತ್ತು. ಕಾಬ್ ಮತ್ತು ಸ್ಪೀಕರ್ ತಪ್ಪಿತಸ್ಥರಲ್ಲ ಎಂದು ಬೇಸ್‌ಬಾಲ್ ಕಮಿಷನರ್ ಲ್ಯಾಂಡಿಸ್ ಮರುವರ್ಷ ತೀರ್ಪಿತ್ತರು. ಯೇಲ್ ತನ್ನ ಕೋಚ್‌ನನ್ನು ಕೈಬಿಡಲಿಲ್ಲ. ಮುಂದೆ ಮಕ್ಕಳು ಬೆಳೆದರು. ಒಮ್ಮೆ ಹಿರಿಯ ಮಗ ಯೇಲ್ ಪರ, ಉಳಿದಿಬ್ಬರು ಕೋಲ್ಗೇಟ್ ವಿಶ್ವವಿದ್ಯಾಲಯದ ಪರ ಒಂದೇ ಮೈದಾನಕ್ಕಿಳಿದರು. ಅಪ್ಪ ಯೇಲ್ ಬೆಂಚಿನಲ್ಲಿ. ಆ ಹಿರಿಯ ಮಗ 1944ರಲ್ಲಿ ಅಪ್ಪನ ರೆಡ್ ಸಾಕ್ಸ್ ಪರವಾಗಿಯೇ ಮೂರು ಪಂದ್ಯಗಳಲ್ಲಿ ಎಸೆದ. ವುಡ್ 1942ರಲ್ಲಿ ಯೇಲ್ ಬಿಟ್ಟಾಗ ಅವರ ತಂಡದ ಲೆಕ್ಕದಲ್ಲಿ 283 ಗೆಲುವುಗಳಿದ್ದವು.

1981ರ ಮೇ 21. ವೆಸ್ಟ್ ಹೇವನ್‌ನ ಯೇಲ್ ಫೀಲ್ಡ್‌ನಲ್ಲಿ ಯೇಲ್ ಮತ್ತು ಸೇಂಟ್ ಜಾನ್ಸ್ ವಿಶ್ವವಿದ್ಯಾಲಯಗಳ ನಡುವೆ ಪಂದ್ಯ. ಯೇಲ್ ಪಿಚರ್ ರಾನ್ ಡಾರ್ಲಿಂಗ್, ಎದುರು ಫ್ರಾಂಕ್ ವಯೋಲಾ. ನ್ಯೂಯಾರ್ಕರ್ ಪತ್ರಿಕೆಯ ರೋಜರ್ ಏಂಜೆಲ್ ತಮ್ಮ ಪಕ್ಕದಲ್ಲಿ ಕೂರಿಸಿಕೊಂಡಿದ್ದು 91ರ ಜೋ ವುಡ್ ಅವರನ್ನು. ಪಂದ್ಯ ಒಂಬತ್ತು ಇನಿಂಗ್ಸಿಗೆ ಮುಗಿಯಲಿಲ್ಲ. ಹನ್ನೊಂದು ಇನಿಂಗ್ಸ್ ಡಾರ್ಲಿಂಗ್ ಒಂದು ಹಿಟ್ಟನ್ನೂ ಕೊಡಲಿಲ್ಲ, ವಯೋಲಾ ಒಂದು ರನ್ನನ್ನೂ ಕೊಡಲಿಲ್ಲ. ಹನ್ನೆರಡನೆಯದರಲ್ಲಿ ಸೇಂಟ್ ಜಾನ್ಸ್‌ನ ಸ್ಟೀವ್ ಸ್ಕಾಫಾ ಒಂದು ಸಣ್ಣ ಹಿಟ್ ಹೊಡೆದು ಬೇಸ್ ಸೇರಿದ, ಬೇಸ್ ಕದ್ದು ಕದ್ದು ಮುಂದೆ ಸರಿದ, ಕಡೆಗೆ ಹೋಮ್ ಪ್ಲೇಟನ್ನೂ ಹಾಗೇ ಮುಟ್ಟಿಬಿಟ್ಟ. ಸ್ಕೋರು 1–0. ಅರವತ್ತೊಂಬತ್ತು ವರ್ಷದ ಹಿಂದೆ ಇದೇ ಅಂಕಿಯಿಂದ ಗೆದ್ದವರು, ಈಗ ತಾವು ಕಲಿಸಿದ ಶಾಲೆ ಸೋತದ್ದನ್ನು ನೋಡಿದರು. ಏಂಜೆಲ್ ಆ ಮಧ್ಯಾಹ್ನದ ಬಗ್ಗೆ ಬರೆದ ಪ್ರಬಂಧ ಬೇಸ್‌ಬಾಲ್ ಬರವಣಿಗೆಯಲ್ಲಿ ಇಂದಿಗೂ ಮೇಲ್ಪಂಕ್ತಿಯದು. ಡಾರ್ಲಿಂಗ್, ವಯೋಲಾ ಇಬ್ಬರೂ ದೊಡ್ಡ ಪಿಚರ್‌ಗಳಾದರು, 1989ರಲ್ಲಿ ನ್ಯೂಯಾರ್ಕ್ ಮೆಟ್ಸ್ ತಂಡದಲ್ಲಿ ಜೊತೆಗಾರರೂ ಆದರು.

ಬೇಸ್‌ಬಾಲಿನ ಹಾಲ್ ಆಫ್ ಫೇಮ್‌ನಲ್ಲಿ ವುಡ್ ಹೆಸರಿಲ್ಲ. ಪಿಚರ್ ಆಗಿ ಒಟ್ಟು 117 ಗೆಲುವು ಅದಕ್ಕೆ ಸಾಲಲಿಲ್ಲ. ಈ ಲೆಕ್ಕ ನನಗೆ ಒಪ್ಪಿಗೆಯಾಗಿಲ್ಲ: ಎಸೆದದ್ದು, ಹೊಡೆದದ್ದು, ಕಲಿಸಿದ್ದು ಮೂರನ್ನೂ ಕೂಡಿಸಿ ನೋಡಬೇಕಾದ ಬದುಕು ಅವರದು. ಹಾಗೆ ನೋಡಿದ್ದು ಯೇಲ್. 1985ರ ಜನವರಿಯಲ್ಲಿ, ತೊಂಬತ್ತೈದು ತುಂಬಿದ್ದ ತನ್ನ ಹಳೆಯ ಕೋಚ್‌ಗೆ ಗೌರವ ಡಾಕ್ಟರೇಟ್ ಕೊಟ್ಟಿತು. ಕೊಟ್ಟವರು ಆಗಿನ ಅಧ್ಯಕ್ಷ ಬಾರ್ಟ್ ಜಿಯಾಮಾಟಿ. ಇಂಗ್ಲಿಷ್ ನವೋದಯ ಸಾಹಿತ್ಯದ ವಿದ್ವಾಂಸರಾದ ಅವರು ನಾಲ್ಕು ವರ್ಷದ ಬಳಿಕ ಇಡೀ ಅಮೆರಿಕನ್ ಬೇಸ್‌ಬಾಲಿಗೇ ಕಮಿಷನರ್ ಆದರು. ವುಡ್ 1985ರಲ್ಲೇ ಜುಲೈ 27ರಂದು ಕನೆಕ್ಟಿಕಟ್‌ನ ವೆಸ್ಟ್ ಹೇವನ್‌ನಲ್ಲಿ ತೀರಿಕೊಂಡರು.